ಕೂವ

ಸೋಮಮ್ಮ ಕುದೇರಿನ ತನ್ನ ಹಿತ್ತಿಲಲ್ಲಿ ನಿಂತು ಒಂದು ಸಲ 'ಕೂವ' ಅಂದರೆ ಸಾಕು, ಅತ್ತ ಗುಂಡ್ಲುಪೇಟೆಯಲ್ಲಿ ಹಾಲು ಕುಡಿಯುತ್ತಿದ್ದ ಕರುಗಳು ಕೆಚ್ಚಲು ಬಿಟ್ಟು ತಲೆಯೆತ್ತುತ್ತಿದ್ದವು, ಇತ್ತ ಚಾಮರಾಜನಗರದ ಸ್ಟೇಷನ್ನಿನಲ್ಲಿ ಹೊರಟ ರೈಲು ಅನುಮಾನಪಟ್ಟು ನಿಂತುಬಿಡುತ್ತಿತ್ತು ಎಂದು ಹೇಳುತ್ತ ಕೆಂಪಯ್ಯ ಬಿದಿರಿಗೆ ಮಚ್ಚು ಹಾಕಿದ. ಗಳ ಉದ್ದಕ್ಕೂ ಸೀಳಿತು.

ಹೆಂಡತಿಯ ಚಟ್ಟಕ್ಕೆ ಗಂಡನೇ ಬಿದಿರು ಸೀಳಿದ್ದನ್ನು ಆ ಊರಲ್ಲಿ ಯಾರೂ ಕಂಡಿರಲಿಲ್ಲ. ಮಚ್ಚು ಕಸಿಯಲು ಇಬ್ಬರು ಹೋಗಿ ನೋಡಿದರು, ಕೊಡಲಿಲ್ಲ. ಕೈಗೆ ಕೆಲಸವಿಲ್ಲದಿದ್ದರೆ ಬಾಯಿ ನಿಲ್ಲುತ್ತದೇನೋ ಎಂಬ ಹೆದರಿಕೆ ಅವನಿಗೆ, ಬಾಯಿ ನಿಂತರೆ ಇನ್ನೊಂದು ಹೆದರಿಕೆ. ಅಂಗಳದಲ್ಲಿ ಮೂರು ಲೋಕದ ಜನ ನೆರೆದಿದ್ದರು. ಎಣಿಸಲು ಕೂತಿದ್ದರೆ ಮೂವತ್ತಾಗುವುದೂ ಕಷ್ಟವಿತ್ತು, ಆದರೆ ಸೋಮಮ್ಮನ ಸಾವಿಗೆ ಮೂರು ಲೋಕಕ್ಕಿಂತ ಕಡಿಮೆ ಸೇರಿತ್ತೆಂದು ಹೇಳುವುದು ಕೆಂಪಯ್ಯನ ಮನೆಗೇ ಅವಮಾನ.

ಸೋಮಮ್ಮನನ್ನು ಜಗಲಿಯ ಗೋಡೆಗೆ ಒರಗಿಸಿ ಕೂರಿಸಿದ್ದರು. ಮುಖಕ್ಕೆ ಅರಿಶಿನ, ಹಣೆಗೆ ಕಾಸಿನಗಲ ಕುಂಕುಮ. ಮುತ್ತೈದೆಯಾಗಿ ಹೋದವಳು. ತವರಿನ ಸೀರೆ ಬಂದು ಮೈಮೇಲೆ ಬೀಳುವ ತನಕ ಎತ್ತುವಂತಿಲ್ಲ. ತಂಗಿ ರಾಚಮ್ಮ ಗುಂಡ್ಲುಪೇಟೆಯಿಂದ ಸೀರೆ ತರಬೇಕು, ಬಸ್ಸು ಹತ್ತಿ ಇಳಿದು ಸಂತೆಮರಹಳ್ಳಿಯಿಂದ ಗಾಡಿ ಹಿಡಿಯಬೇಕು. ಅಲ್ಲಿಯವರೆಗೆ ಎಲ್ಲರೂ ಕಾಯಬೇಕು. ಕಾಯುವ ಜನ ಸಿಕ್ಕಿದರೆ ಕೆಂಪಯ್ಯ ಸುಮ್ಮನಿರುವವನಲ್ಲ.

"ಸಾಕು ಬುಡಣ್ಣ, ಇವತ್ತೊಂದಿನ," ಎಂದಳು ಪಕ್ಕದ ಮನೆಯ ಮಂಗಮ್ಮ. ಸೋಮಮ್ಮನಿಗೆ ನೀರು ಹಾಕಿದವಳು ಅವಳೇ.

"ನಾ ಸುಳ್ಳಾಡ್ತೀನಾ ಮಂಗಮ್ಮ? ಬೇಕಾದ್ರೆ ಅವಳ್ನೇ ಕೇಳು."

ಅಂದವನು ಹಾಗೇ ನಿಂತ. ಅವನ ಪ್ರತಿ ಬಡಾಯಿಯ ಕೊನೆಗೂ ಈ ಮಾತು ಬರುತ್ತಿತ್ತು. ಬಂದೊಡನೆ ಒಳಗಿನಿಂದ, ಒಲೆಯ ಮುಂದಿನಿಂದ, ಸಣ್ಣದಾಗಿ ಒಂದು 'ಕೂವ' ಕೇಳುತ್ತಿತ್ತು. ಸಾಕು ಮಾಡು ಎಂದು ಅದರರ್ಥ. ಈಗಲೂ ಅಭ್ಯಾಸಬಲದಿಂದ ಅಂಗಳವೆಲ್ಲ ಒಂದು ಗಳಿಗೆ ಜಗಲಿಯ ಕಡೆಗೆ ಕಿವಿಗೊಟ್ಟಿತು. ಹೋಟೆಲಿನ ನಂಜುಂಡಪ್ಪ ಮಾತ್ರ ಹೆಗಲ ಮೇಲಿನ ವಸ್ತ್ರ ತೆಗೆದು ಮುಖ ಒರೆಸಿಕೊಂಡ. ಅವನು ಬೆಳಗಿನಿಂದ ಒಂದು ಮಾತೂ ಆಡಿರಲಿಲ್ಲ.

*

ಗಂಡನ ಹೆಸರು ಹೇಳಬಾರದೆಂಬುದು ಎಲ್ಲ ಹೆಂಗಸರಿಗೂ ಇದ್ದ ಕಟ್ಟಳೆ. ಆದರೆ ಸೋಮಮ್ಮನಷ್ಟು ಬಿಗಿಯಾಗಿ ಅದನ್ನು ಹಿಡಿದವಳು ಸೀಮೆಯಲ್ಲೇ ಇರಲಿಲ್ಲ. ಕೆಂಪಯ್ಯ ಎನ್ನುವುದಿರಲಿ, ಕೆಂಪು ಎಂಬ ಬಣ್ಣವೇ ಅವಳ ಬಾಯಿಂದ ಹೊರಟುಹೋಗಿತ್ತು. ಕೆಂಪು ಮೆಣಸಿನಕಾಯಿಗೆ ಹಣ್ಣು ಮೆಣಸಿನಕಾಯಿ ಅನ್ನುತ್ತಿದ್ದಳು, ಕೆಮ್ಮಣ್ಣಿಗೆ ಕಾರಣೆ ಮಣ್ಣು. ಗಾಡಿಯ ಎರಡೆತ್ತಿನಲ್ಲಿ ಒಂದು ಬಿಳಿಯದು, ಇನ್ನೊಂದು 'ಅದರ ಜೊತೇದು'.

ಮದುವೆಯಾದ ಹೊಸತರಲ್ಲಿ ಹೊಲಕ್ಕೆ ಬುತ್ತಿ ತಂದು ಬದುವಿನ ಮೇಲೆ ನಿಂತಳು. ಆ ತುದಿಯಲ್ಲಿ ಗಂಡ ಉಳುತ್ತಿದ್ದ, ಬೆನ್ನು ಈ ಕಡೆಗೆ. ಕರೆಯುವುದು ಹೇಗೆ? ನಿಂತೂ ನಿಂತೂ ಕಡೆಗೆ ಅವಳ ಬಾಯಿಂದ ಬಂದದ್ದು ಈ ಮಾತು. ಕೆಂಪಯ್ಯ ತಿರುಗಿ ನೋಡಿದ. ಅವತ್ತಿನಿಂದ ಅವನು ಕೂವ.

ಆ ಪುಟ್ಟ ಮಾತಿಗೆ ಅವಳು ಹೊರಿಸಿದ ಹೊರೆಯನ್ನು ಜೋಡೆತ್ತಿನ ಗಾಡಿಯೂ ಎಳೆಯಲಾರದು. ಮೊಟಕಾಗಿ ಅಂದರೆ ಮುದ್ದೆ ಆಗಿದೆ ಎಂದು. ಎರಡು ಸಲ ಬೆನ್ನುಬೆನ್ನಿಗೆ ಅಂದರೆ ನೆಂಟರು ಬಂದಿದ್ದಾರೆ. ಕೊನೆಯಲ್ಲಿ ಎಳೆದರೆ ಹಸು ಹಗ್ಗ ಕಿತ್ತುಕೊಂಡಿದೆ. ಇಳಿಸಂಜೆಯಲ್ಲಿ ಅಂದರೆ ದೀಪ ಹಚ್ಚಿದ್ದೇನೆ, ಬಾ. ಇವನ್ನೆಲ್ಲ ಕೆಂಪಯ್ಯ ಹೋಟೆಲಿನ ಬೆಂಚಿನ ಮೇಲೆ ಕೂತೇ ಬಿಡಿಸಿ ಹೇಳುತ್ತಿದ್ದ, ಕೇಳಿದವರು ತಲೆದೂಗುತ್ತಿದ್ದರು. ನಂಜುಂಡಪ್ಪ ಆ ಕೂಗಿಗೆ 'ಕೆಂಪಣ್ಣನ ಟಪಾಲು' ಎಂದು ಹೆಸರಿಟ್ಟಿದ್ದ.

ಆ ಮಾತು ಹುಟ್ಟಿದ್ದೆಲ್ಲಿ ಎಂದು ಕೇಳಿದವರಿಗೆ ಕೆಂಪಯ್ಯ ಒಂದೇ ಉತ್ತರವನ್ನು ಎರಡನೆಯ ಸಲ ಕೊಟ್ಟವನಲ್ಲ. ಸ್ಕೂಲಿನ ಮೇಷ್ಟರಿಗೆ, ಅದು ಅರಮನೆಯ ಮಾವುತರು ಪಟ್ಟದಾನೆಯನ್ನು ಮಂಡಿಯೂರಿಸುವ ಗುಟ್ಟಿನ ಮಾತು, ನನಗೆ ಬಿರುದಾಗಿ ಬಂತು ಎಂದ. ಕೊಳ್ಳೇಗಾಲ ಮದರಾಸು ಬಿಟ್ಟು ಮೈಸೂರು ರಾಜ್ಯಕ್ಕೆ ಸೇರಿದ ಮಾರನೆಯ ವರ್ಷ ಅಲ್ಲಿಯ ಸೀರೆ ವ್ಯಾಪಾರಿಯೊಬ್ಬ ಬಂದಿದ್ದ. ತಮಿಳಿನಲ್ಲಿ ಕೋಳಿ ಕೂಗುವುದಕ್ಕೆ ಹತ್ತಿರದ ಮಾತು ಅದು ಎಂದು ಅವನು ಅಂದದ್ದೇ ತಡ, ಲೋಕಕ್ಕೆ ಬೆಳಕು ಕರೆಯುವವನು ಎಂದು ನನ್ನ ಹೆಂಡತಿಯ ಅಭಿಪ್ರಾಯ ಎಂದುಬಿಟ್ಟ. ಗುಂಡ್ಲುಪೇಟೆ ದಾರಿಯಲ್ಲಿ ಗಾಡಿ ಹತ್ತಿದ ಮಲೆಯಾಳದವನು, ನಮ್ಮಲ್ಲಿ ಕೂವ ಅಂದರೆ ಒಂದು ಗೆಡ್ಡೆ, ಅದರ ಹಿಟ್ಟನ್ನು ಗಂಜಿ ಮಾಡಿ ಎಳೆಮಕ್ಕಳಿಗೆ ಕುಡಿಸುತ್ತೇವೆ ಎಂದ. ಕೆಂಪಯ್ಯ ತನ್ನ ಇದ್ದಿಲಿನಂಥ ತೋಳನ್ನು ಮುಂದೆ ಚಾಚಿ, ಆ ಹಿಟ್ಟಿನ ಬಣ್ಣಕ್ಕೇ ಹೀಗೆ ಕರೆಯುತ್ತಾಳೆ, ನೋಡು ಎಂದ.

ಸೋಮಮ್ಮನನ್ನು ಮಾತ್ರ ಅವನು ಕೇಳಲಿಲ್ಲ. ಕೇಳಿದ್ದರೆ ಉತ್ತರ ಒಂದೇ ಆಗಿಬಿಡುತ್ತಿತ್ತು.

*

ಗಾಡಿ ಬಂತು. ಇಳಿದ ರಾಚಮ್ಮ ಅಳುವುದನ್ನೆಲ್ಲ ದಾರಿಯಲ್ಲೇ ಮುಗಿಸಿಕೊಂಡು ಬಂದಿದ್ದಳು. ಕಂಕುಳಲ್ಲಿ ಸೀರೆಯ ಗಂಟು. ನೇರ ಜಗಲಿಗೆ ಹೋಗಿ ಅಕ್ಕನ ಎದುರು ಕೂತು, ಗಂಟು ಬಿಚ್ಚಿ ಸೀರೆ ಹೊದಿಸಿದಳು. ಅಚ್ಚ ಕೆಂಪು ಸೀರೆ. ಸೋಮಮ್ಮ ಬದುಕಿದ್ದರೆ ಅದನ್ನು ಕುಂಕುಮದ ಬಣ್ಣದ್ದು ಎನ್ನುತ್ತಿದ್ದಳು. ಮಂಗಮ್ಮ ಬಳೆ ತೊಡಿಸುವಾಗ ರಾಚಮ್ಮ ಅಕ್ಕನ ಅಂಗೈಯನ್ನು ಮಗುಚಿ ನೋಡಿದಳು. ಹಿತ್ತಿಲ ಮಣ್ಣು ಉಗುರಿನ ಸಂದಿಯಲ್ಲಿ ಇನ್ನೂ ಇತ್ತು.

"ಎಲ್ಲಿ ಬಿದ್ದಿದ್ಲು?"

ದೊಡ್ಡಿಯ ಗೋಡೆಗೆ ಒರಗಿ ಕೂತಿದ್ದಳೆಂದೂ, ಎದೆ ಹಿಡಿದುಕೊಂಡಿದ್ದಳೆಂದೂ, ತಾನು ಹೊಲದಿಂದ ಬರುವಷ್ಟರಲ್ಲಿ ಮುಗಿದಿತ್ತೆಂದೂ ಮಂಗಮ್ಮ ಹೇಳಿದಳು. ಆ ಹೊತ್ತಿಗೆ ಕೆಂಪಣ್ಣ ಊರಲ್ಲಿರಲಿಲ್ಲ, ಎತ್ತು ನೋಡಲು ಗುಂಡ್ಲುಪೇಟೆಗೆ ಹೋಗಿದ್ದ ಎಂದೂ ಸೇರಿಸಿದಳು.

ರಾಚಮ್ಮ ತಿರುಗಿ ಬಾವನನ್ನು ನೋಡಿದಳು. ಕೆಂಪಯ್ಯ ಸೀಳಿದ ಬಿದಿರನ್ನೇ ಮತ್ತೆ ಸೀಳುತ್ತಿದ್ದ.

"ಗುಂಡ್ಲುಪೇಟೆಗೆ ಬಂದು ನಮ್ಮನೇಲಿ ಮುದ್ದೆ ಉಣ್ದೆ ಓಗೋನಾ ಬಾವ ನೀನು?"

"ಅರ್ಜೆಂಟಿತ್ತು ಕಣಮ್ಮಿ."

"ಈಗ ಗಾಡಿ ಇಳೀತಾ ಗಾಡಿಯವ್ನು ಏಳ್ದ, ಅಕ್ಕ ಕೂಗುದ್ರೆ ಗುಂಡ್ಲುಪೇಟೆ ಕರಗೊಳಿಗೂ ಕೇಳ್ತದೆ ಅಂತಿಯಂತೆ." ಅವಳ ದನಿಯಲ್ಲಿ ಸಿಟ್ಟಿರಲಿಲ್ಲ, ಅದೇ ಕಷ್ಟವಾಗಿತ್ತು. "ನೆನ್ನೆ ನೀನೂ ಅಲ್ಲೇ ಇದ್ದಲ್ಲ. ಕರಕ್ಕೆ ಕೇಳೋದು ನಿನ್ಗೆ ಕೇಳ್ನಿಲ್ವಾ?"

ಯಾರೋ ಒಬ್ಬ ನಗಲು ಹೋಗಿ ಕೆಮ್ಮಿದ. ಕೆಂಪಯ್ಯ ಮಚ್ಚಿನ ಅಲಗನ್ನು ಬೆರಳಲ್ಲಿ ಸವರುತ್ತ ಕೂತ.

ರಾಚಮ್ಮ ಅಕ್ಕನ ತಲೆಯ ಸೆರಗು ಸರಿಮಾಡಿದಳು. ಆಮೇಲೆ ಯಾರಿಗೂ ಅಲ್ಲದಂತೆ ಹೇಳತೊಡಗಿದಳು. ಹುಡುಗಿಯರಾಗಿದ್ದಾಗ ಅಕ್ಕತಂಗಿ ಸೌದೆಗೆ ಕಾಡಂಚಿಗೆ ಹೋಗುತ್ತಿದ್ದರಂತೆ. ಲಂಟಾನದ ಪೊದೆ ಆಳೆತ್ತರ, ಮಾರು ದೂರ ಹೋದರೆ ಒಬ್ಬಳಿಗೊಬ್ಬಳು ಕಾಣುತ್ತಿರಲಿಲ್ಲ. ಆನೆಯ ಭಯ ಬೇರೆ. ಅದಕ್ಕೆ ಇಬ್ಬರೂ ಸೇರಿ ಮಾಡಿಕೊಂಡ ಕೂಗು ಅದು.

"ಅದ್ರಲ್ಲಿ ಅರ್ತ ಗಿರ್ತ ಏನೂ ಇಲ್ಲ. ಒಬ್ಳು ಕೂವ ಅಂದ್ರೆ ಇನ್ನೊಬ್ಳು ಕೂವ ಅನ್ಬೇಕು, ಅಷ್ಟೇಯ. ಇಲ್ಲೇ ಇವ್ನಿ, ಎದರ್ಬ್ಯಾಡ ಅಂತ."

ಕೆಂಪಯ್ಯನ ಕೈಯಿಂದ ಮಚ್ಚನ್ನು ಯಾರೋ ತೆಗೆದುಕೊಂಡರು. ಈ ಸಲ ಅವನು ಬಿಟ್ಟುಕೊಟ್ಟ. ಇಷ್ಟು ವರ್ಷದಲ್ಲಿ ಅವಳು ಕರೆದಾಗ ಅವನು ಎದ್ದು ಹೋಗಿದ್ದುಂಟು, ತಡಮಾಡಿ ಹೋಗಿದ್ದುಂಟು. ತಿರುಗಿ ಕೂವ ಅಂದದ್ದು ಒಂದು ಸಲವೂ ಇರಲಿಲ್ಲ.

*

ಹಿಂದಿನ ದಿನ ನಡುಮಧ್ಯಾಹ್ನ ನಂಜುಂಡಪ್ಪನ ಹೋಟೆಲಿನಲ್ಲಿ ಹೊಸ ಕಿವಿಗಳಿದ್ದವು. ಟೈರು ಪಂಕ್ಚರಾದ ಬಸ್ಸಿನಿಂದ ಇಳಿದ ಮೈಸೂರಿನ ಕಡೆಯ ಇಬ್ಬರು. ಊರವರೆಲ್ಲ ಹೊಲದಲ್ಲಿದ್ದರು, ಬೇರೆ ಗಿರಾಕಿ ಇರಲಿಲ್ಲ. ಹಳೆಯ ಕಿವಿಗಳಿಗೆ ಕಥೆ ಹೇಳುವುದು ಹಳಸಲು ಬಡಿಸಿದ ಹಾಗೆ ಎಂದು ಕೆಂಪಯ್ಯನ ಮತ. ಹೊಸಬರು ಸಿಕ್ಕಿದರೆ ಅವನು ಬಂಡೀಪುರದ ಆನೆಯನ್ನು ಹೊರಗೆ ತೆಗೆಯುತ್ತಿದ್ದ. ಕಾಡಿನಿಂದ ಬಿದಿರು ಹೇರಿಕೊಂಡು ಬರುವಾಗ ಗಾಡಿಗೆ ಅಡ್ಡ ನಿಂತ ಆನೆ ಅದು.

ಆನೆ ಸೊಂಡಿಲಲ್ಲಿ ನೊಗ ಎತ್ತಿತ್ತು. ಆಗ ಮನೆಯ ಕಡೆಯಿಂದ 'ಕೂವ' ಕೇಳಿಸಿತು.

"ಕೆಂಪಣ್ಣ, ನಿನ್ ಟಪಾಲು ಬಂತು," ಎಂದ ನಂಜುಂಡಪ್ಪ ಟೀ ಸೋಸುತ್ತ. ಮೈಸೂರಿನವರೂ ನಕ್ಕರು.

"ಇದು ಮುದ್ದೆ ಆರೋಯ್ತದೆ ಅನ್ನೋ ಕೂವ. ಆನೆ ನೊಗ ಎತ್ಕಂಡು ನಿಂತದೆ, ನಾ ಎಂಗ್ಲಾ ಎದ್ದೋಗ್ಲಿ?"

ಮತ್ತೆ ಕೇಳಿಸಿತು. ಹಸು ಹಗ್ಗ ಕಿತ್ತುಕೊಂಡಾಗಿನ ಹಾಗೆ ಎಳೆದ ದನಿ. ಹಸು ಅಲ್ಲೇ ಹೋಟೆಲಿನ ಹಿಂದೆ ಮೇಯುತ್ತಿರುವುದು ಕೆಂಪಯ್ಯನಿಗೆ ಕಾಣುತ್ತಿತ್ತು. ಅವನು ಆನೆಯನ್ನು ಒಂದು ಹೆಜ್ಜೆ ಮುಂದೆ ತಂದ.

ಮೂರನೆಯ ಸಲ ಬರೀ 'ಕೂ' ಬಂತು. ಉಳಿದದ್ದು ಬರಲಿಲ್ಲ.

ಆ ಮಾತಿನ ಬಗೆಗಳನ್ನೆಲ್ಲ ಬಲ್ಲವನು ಅವನು, ಇದು ಅವುಗಳಲ್ಲಿ ಯಾವುದೂ ಅಲ್ಲ. ಬೆಂಚಿನಿಂದ ಅರ್ಧ ಎದ್ದ. ಆನೆ ನೊಗ ಹಿಡಿದು ಗಾಳಿಯಲ್ಲಿ ನಿಂತಿತು. ಮೈಸೂರಿನವರು ಲೋಟ ಕೆಳಗಿಟ್ಟು, ಆಮೇಲೆ ಎಂದರು. ನಂಜುಂಡಪ್ಪನೂ ಕೈ ನಿಲ್ಲಿಸಿ, "ಆಮ್ಯಾಕೇನಾಯ್ತು ಏಳು," ಎಂದ. ಅವನು ಅದನ್ನು ಎಷ್ಟೋ ಸಲ ಕೇಳಿದ್ದವನು, ಆದರೂ.

ಕೆಂಪಯ್ಯ ಕೂತ. ಅವತ್ತು ಆ ಆನೆ ಎಂದಿಗಿಂತ ದೊಡ್ಡದಾಯಿತು.

ಮಂಗಮ್ಮನ ಚೀರಾಟ ಕೇಳಿ ಕೆಂಪಯ್ಯ ಓಡಿದ. ಎಲ್ಲಿಗೋಗಿದ್ದೆ ಅಣ್ಣ ಎಂದು ಅವಳು ಕೇಳಿದಾಗ ಅವನ ನಾಲಿಗೆ ತನ್ನ ಪಾಡಿಗೆ ತಾನು ಗುಂಡ್ಲುಪೇಟೆ ಅಂದಿತು. ಅದಕ್ಕೆ ಅದೇ ಅಭ್ಯಾಸ. ಹಿಂದೆಯೇ ನಂಜುಂಡಪ್ಪ ಇದ್ದ, ಹೆಗಲ ಮೇಲೆ ಟೀ ವಸ್ತ್ರ. ಸುಳ್ಳನ್ನು ಕೇಳಿಸಿಕೊಂಡು ಆ ವಸ್ತ್ರದಲ್ಲೇ ಮುಖ ಒರೆಸಿಕೊಂಡ.

*

ಊರಾಚೆ, ಕೆರೆ ಏರಿಯ ಬುಡದಲ್ಲಿ ಚಟ್ಟ ಇಳಿಸಿದರು. ತಮಟೆ ನಿಂತಿತು. ಚಟ್ಟದ ದಿಕ್ಕು ತಿರುಗಿಸುವ ಮುಂಚೆ ಹತ್ತಿರದವರು ಸತ್ತವರ ಕಿವಿಯಲ್ಲಿ ಮೂರು ಸಲ ಹೆಸರು ಹಿಡಿದು ಕರೆಯಬೇಕು. ಜೀವ ಎಲ್ಲಾದರೂ ಅಂಟಿಕೊಂಡಿದ್ದರೆ ಓಗೊಡಲಿ ಎಂದು. ಹೆಂಗಸರು ಅಲ್ಲಿಂದಲೇ ಹಿಂದಿರುಗುತ್ತಾರೆ.

"ಕರಿ, ಕೆಂಪಣ್ಣ," ಎಂದ ನಂಜುಂಡಪ್ಪ. ಅಂದು ಅವನ ಮೊದಲ ಮಾತು ಅದು.

ಕೆಂಪಯ್ಯ ಮಂಡಿಯೂರಿದ. ಕರೆಯಲಿಲ್ಲ. ಹೆಂಗಸರ ಗುಂಪಿನಲ್ಲಿ ರಾಚಮ್ಮನನ್ನು ಹುಡುಕಿ ನೋಡಿದ.

"ನಾ ಗುಂಡ್ಲುಪೇಟೆಗೆ ಬಂದಿರ್ನಿಲ್ಲ ಕಣಮ್ಮಿ. ಓಟ್ಲಲ್ಲಿ ಕತೆ ಏಳ್ತಾ ಕೂತಿದ್ದಿ. ಕೇಳುಸ್ತು. ಮೂರ್ ಸಲಾನೂ ಕೇಳುಸ್ತು."

ಅವನು ಬಾಯಿ ತೆರೆದರೆ ಆಮೇಲೆ ಆಮೇಲೆ ಎನ್ನುತ್ತಿದ್ದ ಊರು ಅದು. ಇವತ್ತು ಒಬ್ಬರೂ ಅನ್ನಲಿಲ್ಲ. ಅವನೇ ಮುಂದುವರಿಸಬೇಕಾಯಿತು.

"ಅವ್ಳ ಗಂಟ್ಲು ಸಣ್ದು ರಾಚಿ. ರೈಲೂ ಇಲ್ಲ, ಕರನೂ ಇಲ್ಲ. ಓಟ್ಲು ತಂಕ ಬರಾದೇ ಕಷ್ಟ. ನಾನೇ ಆ ಕಡೀಕೆ ಒಂದು ಕಿವಿ ಮಡಿಕ್ಕಂಡೇ ಕೂತಿರ್ತಿದ್ದಿ, ದಿನಾಲೂ."

"ನನ್ಗೂ ಕೇಳುಸ್ತು," ಎಂದ ನಂಜುಂಡಪ್ಪ. ವಸ್ತ್ರವನ್ನು ಎರಡೂ ಕೈಯಲ್ಲಿ ಹಿಂಡುತ್ತಿದ್ದ. "ಆಮ್ಯಾಕೇನಾಯ್ತು ಅಂತ ಕೇಳ್ದೋನು ನಾನೇಯ."

ರಾಚಮ್ಮ ಇಬ್ಬರನ್ನೂ ನೋಡಿದಳು. ಬೈಯುತ್ತಾಳೆಂದು ಮಂಗಮ್ಮ ಅವಳ ತೋಳು ಹಿಡಿದಳು. ಅವಳು ಬೈಯಲಿಲ್ಲ. "ಒತ್ತಾಯ್ತದೆ, ಕರಿ ಬಾವ," ಎಂದಳು.

ಕೆಂಪಯ್ಯ ಬಗ್ಗಿ ಕೆಂಪು ಸೆರಗನ್ನು ಕಿವಿಯಿಂದ ಸರಿಸಿದ. ಸೋಮಮ್ಮ ಎಂಬ ಹೆಸರು ಅವನ ಬಾಯಿಗೆ ಬರಲಿಲ್ಲ.

"ಕೂವ," ಎಂದ.

ಪಕ್ಕದಲ್ಲೇ ನಿಂತಿದ್ದ ತಮಟೆಯವರಿಗೂ ಅದು ಸರಿಯಾಗಿ ಕೇಳಲಿಲ್ಲ. ಎರಡನೆಯ ಸಲ ಇನ್ನೂ ಸಣ್ಣದಾಗಿ ಅಂದ. ಮೂರನೆಯ ಸಲ ತುಟಿ ಮಾತ್ರ ಆಡಿತು.

ಚಟ್ಟ ಎತ್ತಲು ನಾಲ್ವರು ಬಗ್ಗಿದರು. ಕೆಂಪಯ್ಯ ಏಳಲಿಲ್ಲ. ಮುಖ ಹೊರಳಿಸಿ, ತನ್ನ ಕಿವಿಯನ್ನು ಅವಳ ಬಾಯಿಯ ಹತ್ತಿರಕ್ಕೆ ತಂದು, ಉಸಿರು ಬಿಗಿಹಿಡಿದು ಹಾಗೇ ಕೂತ. ಅವನ ಕೆನ್ನೆಗೆ ಅರಿಶಿನ ಹತ್ತಿತು. ತಮಟೆಯವರು ಎತ್ತಿದ ಕೋಲನ್ನು ಇಳಿಸದೆ ಕಾಯುತ್ತಿದ್ದರು.