ಸಿಹಿನೀರಿನ ಪಕ್ಕದ ಕಲ್ಲು

ನಾನು ಒಂದು ಅರೆಯುವ ಕಲ್ಲು. ಹುಟ್ಟಿದ್ದು ಕಾರ್ಕಳದ ಒಂದು ಪಾದೆಯಲ್ಲಿ. ಬಣ್ಣ ಕಪ್ಪು, ಉದ್ದ ಒಂದೂವರೆ ಮೊಳ. ಜೊತೆಗೊಂದು ಗುಂಡು ಇತ್ತು, ಅದೂ ಅದೇ ಬಂಡೆಯದ್ದು. ಐತಪ್ಪನೆಂಬ ಕಲ್ಲುಕುಟಿಗ ನಾಲ್ಕು ದಿನ ನನ್ನ ಮುಂದೆ ಕುಕ್ಕರಗಾಲಿನಲ್ಲಿ ಕೂತು ಉಳಿಯಿಂದ ಕಡಿದ. ಕೊನೆಯ ದಿನ ಮೈಮೇಲೆ ಕೈಯಾಡಿಸಿ ಪಕ್ಕದವನಿಗೆ ಹೇಳಿದ: "ಇದಕ್ಕೆ ಸಾವಿಲ್ಲ ಮಾರಾಯ. ಅರೆಯುವವರ ಕೈ ಸೋಲಬೇಕು, ಇದು ಸೋಲುವುದಿಲ್ಲ." ಹೊಗಳಿಕೆ ಎಂದುಕೊಂಡು ಹಿಗ್ಗಿದೆ. ಹುಟ್ಟಿದ ದಿನ ಯಾರಿಗೆ ತಾನೇ ಬುದ್ಧಿ ಇರುತ್ತದೆ!

ಎತ್ತಿನ ಗಾಡಿಯಲ್ಲಿ ಮಂಗಳೂರಿನ ಬಂದರಿಗೆ ಬಂದೆ. ಒಬ್ಬ ಬ್ಯಾರಿಯ ಅಂಗಡಿಯ ಜಗಲಿಯಲ್ಲಿ ನನ್ನಂಥವು ಹತ್ತಾರು ಕೂತಿದ್ದವು. ಅಲ್ಲಿಗೆ ಒಂದು ದಿನ ಈಸಾ ಬಂದ. ಮಾಲ್ದೀವ್ಸ್‌ನ ಹಾಯಿಹಡಗಿನ ನಾವಿಕ, ಇಪ್ಪತ್ತೆರಡರ ಹುಡುಗ. ಅವರ ಹಡಗು ಒಣಮೀನು, ತೆಂಗಿನ ನಾರಿನ ಹಗ್ಗ ತಂದು ಇಳಿಸಿ, ಹಂಚು, ಈರುಳ್ಳಿ, ಒಣಮೆಣಸು, ಬೆಲ್ಲ ತುಂಬಿಕೊಂಡು ಹೋಗುತ್ತಿತ್ತು. ಅವನು ನೇರ ನನ್ನ ಹತ್ತಿರ ಬಂದು ಕೂತ.

ಬ್ಯಾರಿಗೆ ನಗು ಬಂತು. "ಮದುವೆಯಾಗಿ ತಿಂಗಳಾಗಲಿಲ್ಲ ಅಂತೀಯ. ಹೆಂಡತಿಗೆ ಕಲ್ಲು ತೆಗೊಂಡು ಹೋಗುವುದಾ? ಬಳೆ ತೆಗೊ."

"ಬಳೆಯಲ್ಲಿ ಮೆಣಸು ಅರೆಯಲಿಕ್ಕೆ ಆಗ್ತದಾ? ನಮ್ಮೂರಲ್ಲಿ ಬಳೆ ಉಂಟು, ಕಲ್ಲು ಇಲ್ಲ."

"ಕಲ್ಲೇ ಇಲ್ಲದ ಊರಾ? ಹಾಗಾದರೆ ನೀವು ಎಡವುವುದು ಎಂತಕ್ಕೆ?"

"ನಾವು ಎಡವುವುದಿಲ್ಲ, ಮುಳುಗುವುದು ಮಾತ್ರ" ಎಂದ ಈಸಾ.

ಹಂಚುಗಳ ಕೆಳಗೆ, ಹಡಗಿನ ಹೊಟ್ಟೆಯ ಕತ್ತಲಲ್ಲಿ ಒಂಬತ್ತು ದಿನ ಮಲಗಿದ್ದೆ. ಹೊರಗೆ ತೆಗೆದಾಗ ಮೊದಲು ಕಂಡದ್ದು ಬಿಳುಪು. ಕಣ್ಣು ಕುಕ್ಕುವಂಥ ಬಿಳಿ ಮರಳು.

ಮುರಂಗದೂ ಎಂಬ ಆ ದ್ವೀಪದ ಈ ತುದಿಯಲ್ಲಿ ನಿಂತು ಕೂಗಿದರೆ ಆ ತುದಿಯವನು ಓಗೊಡುತ್ತಾನೆ. ಅಂಥ ಸಾವಿರಕ್ಕೂ ಹೆಚ್ಚು ದ್ವೀಪಗಳು ಸಮುದ್ರದಲ್ಲಿ ಬಳೆಬಳೆಯಾಗಿ ಚೆಲ್ಲಿಕೊಂಡಿವೆ. ಜನ ಇರುವುದು ಇನ್ನೂರರಲ್ಲಿ. ಬೆಟ್ಟ ಇಲ್ಲ, ಹೊಳೆ ಇಲ್ಲ. ಊರಿನ ಅತಿ ಎತ್ತರದ ಜಾಗದಲ್ಲಿ ನಿಂತರೂ ಸಮುದ್ರ ಎದೆಮಟ್ಟಕ್ಕಿದೆ ಅನ್ನಿಸುತ್ತದೆ. ಅವರು ಕಲ್ಲೆನ್ನುವುದು ಹವಳದ ಕಲ್ಲನ್ನು. ಹಸಿಯಿದ್ದಾಗ ಕೊಡಲಿಯಲ್ಲಿ ಕಡಿಯಬಹುದು, ಒಣಗಿದರೆ ಗಟ್ಟಿ. ಅವರ ಹಳೆಯ ಮಸೀದಿಯ ಗೋಡೆಯೂ ಅದರದೇ, ಮರಗೆಲಸದಷ್ಟು ಸೂಕ್ಷ್ಮ ಕೆತ್ತನೆ. ಕಾಡುಪೊದೆಯ ನಡುವೆ ಅದೇ ಕಲ್ಲಿನ ಒಂದು ದಿಬ್ಬ ಇತ್ತು. ಎಂಟುನೂರು ವರ್ಷಗಳ ಹಿಂದೆ, ಇಸ್ಲಾಂ ಬರುವ ಮೊದಲು, ಅಲ್ಲಿ ಬುದ್ಧನ ಪೂಜೆ ನಡೆಯುತ್ತಿತ್ತಂತೆ. ಯಾರೂ ಅದರ ಮಾತೆತ್ತುತ್ತಿರಲಿಲ್ಲ. ಯಾರೂ ಅದನ್ನು ತುಳಿಯುತ್ತಲೂ ಇರಲಿಲ್ಲ.

ಊರಿನ ಮಕ್ಕಳೆಲ್ಲ ಬಂದು ನನ್ನನ್ನು ಮುಟ್ಟಿ ಕೈ ನೋಡಿಕೊಂಡರು, ಕಪ್ಪು ಹತ್ತಿತೋ ಎಂದು. ಈಸಾನ ಹೆಂಡತಿ ಶಫೀಗಾ ಮಾತ್ರ ಒಂದು ಮೆಣಸಿಟ್ಟು, ನೀರು ಚಿಮುಕಿಸಿ, ಗುಂಡು ಉರುಳಿಸಿದಳು. ಆಮೇಲೆ ಗಂಡನ ಕಡೆ ತಿರುಗಿ ಹೇಳಿದಳು, "ಬಳೆ ಎಲ್ಲಿ?"

ಅವರ ಭಾಷೆ ಬೇರೆ. ನನಗೆ ಮಾತ್ರ ಎಲ್ಲವೂ ನನ್ನೂರಿನ ಮಾತಾಗಿಯೇ ಕೇಳುತ್ತಿತ್ತು, ಹಾಗೆಯೇ ಹೇಳುತ್ತೇನೆ. ಕೆಲವು ಪದಗಳಂತೂ ನಿಜಕ್ಕೂ ನೆಂಟರವು. ಮಳೆಗಾಳಿಯ ಲೆಕ್ಕಕ್ಕೆ ಅವರೂ ನಕ್ಷತ್ರ ಹಿಡಿಯುತ್ತಾರೆ. ನಮ್ಮ ಅಶ್ವಿನಿ ಅಲ್ಲಿ ಅಸಿದ, ಕೃತ್ತಿಕೆ ಕೆತಿ, ರೋಹಿಣಿ ರೋನು. ಮೊದಲ ಸಲ ಕೇಳಿದಾಗ ಮನಸ್ಸಿಗೆ ಎಷ್ಟೋ ಸಮಾಧಾನವಾಯಿತು.

ನನ್ನನ್ನಿಟ್ಟದ್ದು ಜೀಗುಜ್ಜೆ ಮರದ ಕೆಳಗೆ, ಬಾವಿಯ ಪಕ್ಕ. ಆ ಬಾವಿಯ ವಿಷಯ ಹೇಳದಿದ್ದರೆ ನನ್ನ ಬದುಕು ಅರ್ಥವಾಗುವುದಿಲ್ಲ. ಅಲ್ಲಿ ಒಂದಾಳು ಆಳ ತೋಡಿದರೆ ನೀರು. ಮಳೆನೀರು ಮರಳಿನಲ್ಲಿಳಿದು, ಅಡಿಯಲ್ಲಿರುವ ಸಮುದ್ರದ ನೀರಿನ ಮೇಲೆ ಹಾಲಿನ ಕೆನೆಯ ಹಾಗೆ ತೇಲುತ್ತಿರುತ್ತದೆ. ಆ ಕೆನೆಯೇ ಬಾವಿ. ಉದ್ದ ಕೋಲಿನ ತುದಿಗೆ ಡಬ್ಬಿ ಕಟ್ಟಿ, ಮೆಲ್ಲಗೆ ಮೇಲಿಂದ ಮೇಲೆ ತೆಗೆಯಬೇಕು. "ಜಾಸ್ತಿ ಎತ್ತಬೇಡ, ಕೆಳಗೆ ಸಮುದ್ರ ಕಾಯ್ತಾ ಉಂಟು" ಎಂದು ಈಸಾ ತಮಾಷೆ ಮಾಡುತ್ತಿದ್ದ. ಊರಿನಲ್ಲೇ ಸಿಹಿಯಾದ ನೀರು ಶಫೀಗಾಳ ಬಾವಿಯದು. ಯಾರ ಮನೆಯಲ್ಲಿ ಮಗು ಹುಟ್ಟಿದರೂ ಮೊದಲ ಸ್ನಾನಕ್ಕೆ ಅಲ್ಲಿಂದಲೇ ನೀರು ಹೋಗುತ್ತಿತ್ತು. ಆ ಹೊತ್ತಿನಲ್ಲಿ ಅವಳ ನಡಿಗೆಯೇ ಬೇರೆ.

ಕಲ್ಲಿಗೆ ನಾಲಿಗೆ ಇಲ್ಲ ಅನ್ನುತ್ತಾರೆ. ಅರೆಯುವ ಕಲ್ಲಿಗೆ ಮೈಯೆಲ್ಲ ನಾಲಿಗೆ. ದಿನಕ್ಕೆ ಮೂರು ಸಲ ನನ್ನ ಮೇಲೆ ಆ ನೀರು ಬೀಳುತ್ತಿತ್ತು. ಮೆಣಸು, ಕಾಯಿ, ಈರುಳ್ಳಿ ಅರೆಯುವುದು. ಬೇಯಿಸಿ ಹೊಗೆಗಿಟ್ಟು ಕೊರಡಿನಷ್ಟು ಗಟ್ಟಿಯಾದ ಕೇದಾರ, ಅಂದರೆ ಟ್ಯೂನಾ ಮೀನನ್ನು ಜಜ್ಜುವುದು. ನನ್ನ ಮೈ ನುಣುಪಾದಾಗ ಉಳಿಯಿಂದ ಕುಟ್ಟಿ ತರಿ ಮಾಡುವವರು ಆ ದೇಶದಲ್ಲಿ ಯಾರಿದ್ದಾರೆ? ಈಸಾ ಹಡಗಿನ ಮೊಳೆ ಹಿಡಿದು ತಾನೇ ಕುಟ್ಟುತ್ತಿದ್ದ. ಐತಪ್ಪ ನೋಡಿದ್ದರೆ ಅತ್ತುಬಿಡುತ್ತಿದ್ದ.

ಹೀಗೆ ಮೂವತ್ತೈದು ವರ್ಷ. ಸುಲ್ತಾನರು ಹೋಗಿ ಅಧ್ಯಕ್ಷರು ಬಂದರು. ಹಾಯಿ ಹೋಗಿ ಎಂಜಿನ್ ಬಂತು. ಜನವಿಲ್ಲದ ದ್ವೀಪಗಳಲ್ಲಿ ವಿದೇಶಿಯರ ರೆಸಾರ್ಟ್‌ಗಳೆದ್ದವು. ಮಗ ನಾಝಿಮ್ ದೋಣಿ ಕಟ್ಟುವ ಬಡಗಿಯಾದ. ಮಗಳು ವಫಿಯಾ ಮದುವೆಯಾಗಿ ರಾಜಧಾನಿ ಮಾಲೆಗೆ ಹೋದಳು. ಈಸಾ ಒಂದು ಶುಕ್ರವಾರ ನಮಾಜಿಗೆ ಹೊರಟವನು ಮೆಟ್ಟಿಲ ಮೇಲೆ ಕೂತು, ಹಾಗೆಯೇ ಹೋಗಿಬಿಟ್ಟ. ಮಸೀದಿಯ ಹಿಂದೆ ಮಣ್ಣು ಮಾಡಿದರು. ಅವನ ಗೋರಿಯ ಪಕ್ಕದ ಜಾಗವನ್ನು ಶಫೀಗಾ ಕೋಲಿನಲ್ಲಿ ಗೆರೆ ಎಳೆದು ಇಮಾಮರಿಗೆ ತೋರಿಸಿ ಬಂದಳು: "ಇದು ನನಗೆ. ಬೇರೆ ಯಾರಿಗೂ ಕೊಡಬೇಡಿ." ಆಮೇಲೆ ಅವಳಿಗೆ ಬೇಕಾದದ್ದು ಅದೊಂದೇ. ಅದೇ ಮನೆ, ಅದೇ ಬಾವಿ, ಕೊನೆಗೆ ಆ ಜಾಗ.

ಅವಳ ಬಲ ಭುಜ ನೋಯತೊಡಗಿತು. ಕೋಲೆತ್ತಲು ಆಗುತ್ತಿರಲಿಲ್ಲ. ನಾಝಿಮ್ ಒಂದು ಪಂಪು ತಂದು ಬಾವಿಗೆ ಕೂರಿಸಿದ.

"ಸ್ವಿಚ್ ಹಾಕಿದ್ರೆ ಆಯ್ತು ಮಮ್ಮ. ಇನ್ನು ಕೋಲು ಮುಟ್ಟಿದ್ರೆ ನೋಡು."

"ಇದು ಎಷ್ಟು ಎತ್ತುತ್ತದೆ?"

"ನಿನಗೆ ಬೇಕಾದಷ್ಟು."

"ನನಗೆ ಬೇಕಾಗುವುದು ಒಂದು ಕೊಡ" ಎಂದಳು. ಒಂದು ಕೊಡಕ್ಕೇ ಬಳಸಿದಳು ಕೂಡ. ಅವಳು ಬುದ್ಧಿವಂತೆ.

ಆಮೇಲೆ ಆ ಡಿಸೆಂಬರಿನ ಭಾನುವಾರ ಬಂತು. ಬೆಳಗ್ಗೆ ಒಂಬತ್ತೂವರೆಗೆ ಸಮುದ್ರ ಎದ್ದು ಬಂದು, ಊರಿನ ಈ ಕಡೆ ಹೊಕ್ಕು ಆ ಕಡೆ ಇಳಿಯಿತು. ಅದಕ್ಕೆ ಸುನಾಮಿ ಎಂಬ ಹೆಸರಿದೆ ಎಂದು ರೇಡಿಯೋ ಹೇಳಿದ ಮೇಲೆ ತಿಳಿಯಿತು. ಜೀಗುಜ್ಜೆ ಮರ ಹಿಡಿದುಕೊಂಡು ಶಫೀಗಾ ಉಳಿದಳು. ದೇವರ ದಯೆಯಿಂದ ಊರಿನಲ್ಲಿ ಯಾರೂ ಸಾಯಲಿಲ್ಲ. ಸತ್ತದ್ದು ಬಾವಿಗಳು. ನನ್ನ ಮೇಲೆ ಆ ದಿನ ಬಿದ್ದದ್ದು ಬರೀ ಸಮುದ್ರ.

ಊರವರು ಸೇರಿದರು. ಬಾವಿಗೆ ಇಲಿ ಬಿದ್ದು ಸತ್ತರೆ ಅವರಲ್ಲಿ ಒಂದು ಕ್ರಮ ಉಂಟು. ಇಷ್ಟು ಡಬ್ಬಿ ನೀರೆತ್ತಿ ಚೆಲ್ಲಬೇಕು, ಆಮೇಲೆ ಬಾವಿ ಶುದ್ಧ. ತಲೆತಲಾಂತರದಿಂದ ಹಾಗೆ ಮಾಡಿ ಗೊತ್ತು. ಇಲಿಗೆ ಹಾಕಿದ ಲೆಕ್ಕವನ್ನೇ ಅವರು ಸಮುದ್ರಕ್ಕೂ ಹಾಕಿದರು.

"ಮೊದಲು ದತ್ತನ ಬಾವಿ" ಎಂದರು. ದತ್ತ ಎಂದರೆ ಅಲ್ಲಿ ಅಕ್ಕ. ಶಫೀಗಾ ಊರಿಗೆಲ್ಲ ದತ್ತ. ತಮ್ಮ ಮನೆಯ ಸೂರು ಹಾರಿಹೋದವರೂ ಬಂದರು. ಮಾರನೆಯ ವಾರವೇ ಡೀಸೆಲ್ ಪಂಪು ತಂದು ಹಚ್ಚಿದರು. ಮೂರು ದಿನ, ಬೆಳಗಿನಿಂದ ಸಂಜೆಯವರೆಗೆ. ಗಂಡಸರು ಬೊಡುಬೆರು ಡೋಲಿನ ಹಾಡು ಹೇಳುತ್ತ ಪೈಪು ಎಳೆದರು. ಹೆಂಗಸರು ಚಹಾ ಕೊಟ್ಟರು. ಮೊದಲ ದಿನ ಸಂಜೆ ಶಫೀಗಾ ನನ್ನ ಮೇಲೆ ನೀರು ಸುರಿದಳು. ಉಪ್ಪು. ಎರಡನೆಯ ದಿನ ಇನ್ನೂ ಉಪ್ಪು. ಮೂರನೆಯ ದಿನದ ನೀರು ಬಿದ್ದಾಗ ನನಗೆ ಖಾತ್ರಿಯಾಯಿತು: ಇವರು ಮೇಲಿನ ಉಪ್ಪನ್ನು ಹೊರಗೆ ಚೆಲ್ಲುತ್ತಿಲ್ಲ, ಕೆಳಗಿನ ಸಮುದ್ರವನ್ನು ಮೇಲಕ್ಕೆ ಕರೆಯುತ್ತಿದ್ದಾರೆ. ಅಳಿದುಳಿದ ಕೆನೆಯೂ ಹೋಗುತ್ತಿದೆ.

ನಿಲ್ಲಿಸಿ ಎನ್ನಬೇಕು. ಬಾಯಿ ಇಲ್ಲ. ಪೈಪು ನನಗಿಂತ ಎರಡು ಗೇಣು ದೂರದಲ್ಲಿತ್ತು; ಒಂದಿಷ್ಟು ಹೊರಳಿ ಅದರ ಮೇಲೆ ಬಿದ್ದಿದ್ದರೂ ಸಾಕಿತ್ತು. ಅಲೆಗೇ ನನ್ನನ್ನು ಅಲುಗಿಸಲಾಗಿರಲಿಲ್ಲ, ನಾನೇ ಹೇಗೆ ಅಲುಗಲಿ? ಜನ ಪ್ರೀತಿಯಿಂದ ಒಂದು ಬಾವಿಯನ್ನು ಕೊಲ್ಲುವುದನ್ನು ಮೂರು ದಿನ ಪಕ್ಕದಲ್ಲೇ ಕೂತು ನೋಡಿದೆ.

ನಾಲ್ಕನೆಯ ದಿನ ಶಫೀಗಾ ಒಂದು ಗುಟುಕು ಕುಡಿದು, "ಸ್ವಲ್ಪ ಸಿಹಿ ಬಂದಿದೆ" ಎಂದಳು. ಅಷ್ಟು ಕಷ್ಟಪಟ್ಟವರ ಮುಖ ನೋಡಿ ಇನ್ನೇನು ಹೇಳಿಯಾಳು?

ಸರಕಾರ ದೋಣಿಯಲ್ಲಿ ಕುಡಿಯುವ ನೀರು ಕಳಿಸಿತು. ಆಮೇಲೆ, ದೊಡ್ಡ ದ್ವೀಪವೊಂದರಲ್ಲಿ ಹೊಸ ಮನೆ ಕೊಡುತ್ತೇವೆ, ಬನ್ನಿ ಎಂದಿತು. ಒಂದೊಂದೇ ಮನೆಯವರು ಒಪ್ಪಿದರು. ಶಫೀಗಾ ಒಪ್ಪಲಿಲ್ಲ. "ನನ್ನ ಬಾವಿ ಸರಿಯಾಗಿದೆ" ಎಂದಳು. ಅಡುಗೆಗೆ ಅದೇ ನೀರು ಬಳಸಿದಳು. ಉಪ್ಪಿನ ಡಬ್ಬಿಯನ್ನು ಮೇಲಿನ ಹಲಗೆಗೆ ಎತ್ತಿಟ್ಟಳು. ಉಪ್ಪು ಹಾಕುವ ಅಗತ್ಯವೇ ಇರಲಿಲ್ಲ. ದಿನವೂ ಅದನ್ನೇ ತಿಂದ ನಾಝಿಮ್‌ಗೂ ಗೊತ್ತಾಗಲಿಲ್ಲ. ಗೊತ್ತಿದ್ದದ್ದು ಅವಳಿಗೆ ಮತ್ತು ನನಗೆ.

ಮರುವರ್ಷ ವಫಿಯಾ ಹೆರಿಗೆ ಮುಗಿಸಿ ಹದಿನೈದು ದಿನದ ಮಗುವನ್ನೆತ್ತಿಕೊಂಡು ಮಾಲೆಯಿಂದ ಬಂದಳು. ಹೆತ್ತ ಆಸ್ಪತ್ರೆಯಲ್ಲಿ ಮಗುವಿಗೆ ಸ್ನಾನವಾಗಿದ್ದರೂ, ಮಮ್ಮನ ಬಾವಿಯ ನೀರು ಮೈಗೆ ಬೀಳದೆ ಲೆಕ್ಕಕ್ಕಿಲ್ಲ ಎಂಬುದು ಅವಳ ಹಟ. ಊಟಕ್ಕೆ ಕೂತವಳು ಮೊದಲ ತುತ್ತಿಗೇ ನಿಲ್ಲಿಸಿದಳು.

"ಮಮ್ಮ, ಎಂತ ಇದು ಇಷ್ಟು ಉಪ್ಪು?"

"ಬಾಣಂತಿ ಬಾಯಿ ನಿನ್ನದು. ನಾನು ಉಪ್ಪು ಹಾಕಲೇ ಇಲ್ಲ."

ಹೇಳಿಯಾದ ಮೇಲೆ ತಾನು ಏನು ಹೇಳಿದೆನೆಂದು ಅವಳಿಗೆ ಹೊಳೆಯಿತು. ನಾಝಿಮ್ ತುತ್ತನ್ನು ಬಾಯಲ್ಲೇ ಹಿಡಿದು ಮೇಲಿನ ಹಲಗೆ ನೋಡಿದ. ವಫಿಯಾ ಮಗುವನ್ನು ಇನ್ನಷ್ಟು ಹತ್ತಿರ ಒತ್ತಿಕೊಂಡಳು. ಮಗುವಿಗೆ ಸ್ನಾನ ಮಾಡಿಸಿದ್ದು ಸರಕಾರದ ಟ್ಯಾಂಕಿನ ನೀರಲ್ಲಿ, ಬಾವಿಯಿಂದ ನಾಲ್ಕು ಹೆಜ್ಜೆ ದೂರದಲ್ಲಿ. ನೀರು ಹೊಯ್ಯಲು ಶಫೀಗಾ ಬರಲಿಲ್ಲ. ನನ್ನ ಮುಂದೆ ಕೂತು, ಏನೂ ಇಲ್ಲದ ಕಲ್ಲಿನ ಮೇಲೆ ಗುಂಡನ್ನು ಮುಂದಕ್ಕೂ ಹಿಂದಕ್ಕೂ ಉರುಳಿಸುತ್ತಿದ್ದಳು.

ಆಮೇಲೆ ಅವಳೂ ದೊಡ್ಡ ದ್ವೀಪಕ್ಕೆ ಒಪ್ಪಿದಳು. ಹೊರಡುವ ದಿನ ದೋಣಿಯಲ್ಲಿ ಜಾಗ ಕಡಿಮೆ ಇತ್ತು. "ಇದು ಬೇಡ ಮಮ್ಮ, ಎರಡು ಆಳಿನ ಭಾರ. ಹೊಸ ಮನೆಯಲ್ಲಿ ಮಿಕ್ಸಿ ಉಂಟು" ಎಂದ ನಾಝಿಮ್.

"ಮಿಕ್ಸಿಗೆ ಎಂತ ಗೊತ್ತುಂಟು?"

"ಈ ಕಲ್ಲಿಗೆ ಎಂತ ಗೊತ್ತುಂಟು ಮತ್ತೆ?"

ಅವಳು ನನ್ನನ್ನು ನೋಡಿದಳು. ಕೊನೆಗೆ ಗುಂಡನ್ನಷ್ಟೇ ಮಗುವಿನ ಹಾಗೆ ಬಟ್ಟೆಯಲ್ಲಿ ಸುತ್ತಿ ಎತ್ತಿಕೊಂಡಳು. ಮಸೀದಿಯ ಹಿಂದೆ ಹೋಗಿ ಬಂದಳು. ಆಮೇಲೆ ಎಂಜಿನ್ನಿನ ಸದ್ದು ದೂರವಾಯಿತು.

ಐದು ವರ್ಷ ಯಾರೂ ಬರಲಿಲ್ಲ. ಮಳೆ ಬಂತು, ಹೋಯಿತು, ಅಸಿದದಿಂದ ಅಸಿದಕ್ಕೆ. ಮಾಡು ಕುಸಿಯಿತು. ಬಾವಿಯಿಂದ ಒಂದು ತೊಟ್ಟು ನೀರೆತ್ತುವವರೂ ಇರಲಿಲ್ಲ.

ಆಮೇಲೊಂದು ಮಧ್ಯಾಹ್ನ ನಾಝಿಮ್ ಬಂದ. ದೋಣಿಕೆಲಸಕ್ಕೆ ಆಗುತ್ತದೆಂದು ಹಳೆಯ ಮನೆಯ ತೊಲೆ ಬಾಗಿಲು ಬಿಚ್ಚಲು ಬಂದಿದ್ದ. ಕೂದಲು ನೆರೆತಿತ್ತು. ಕೆಲಸ ಮುಗಿಸಿ, ಹಗ್ಗಕ್ಕೆ ಬಣ್ಣದ ಡಬ್ಬಿಯೊಂದನ್ನು ಕಟ್ಟಿ ಬಾವಿಯಿಂದ ನೀರೆತ್ತಿದ. ಕೈ ತೊಳೆದ, ಕಾಲು ತೊಳೆದ. ಉಳಿದ ನೀರನ್ನು, ಕೂರಲು ಬೇಕೆಂದು, ನನ್ನ ಮೇಲಿನ ಹಕ್ಕಿಹಿಕ್ಕೆಗೆ ಸುರಿದು ಉಜ್ಜಿದ.

ನೀರು ಸಿಹಿಯಾಗಿತ್ತು.

ಮೊದಲ ದಿನ ಶಫೀಗಾ ಮೆಣಸಿಟ್ಟು ಚಿಮುಕಿಸಿದ ನೀರಿನಷ್ಟೇ ಸಿಹಿ. ಯಾರೂ ಮುಟ್ಟದೆ ಬಿಟ್ಟದ್ದಕ್ಕೆ ಐದು ಮಳೆಗಾಲಗಳು ಸೇರಿ ಮತ್ತೆ ಕೆನೆ ಕಟ್ಟಿದ್ದವು. ಕುಡಿದು ನೋಡು ಮಾರಾಯ, ಒಂದು ಹನಿ, ಬೆರಳಿಗೆ ಹತ್ತಿದ್ದನ್ನಾದರೂ ನೆಕ್ಕು! ಅವನು ನನ್ನ ಮೇಲೆ ಕೂತು ಚೀಲದಿಂದ ಬಾಟಲಿ ತೆಗೆದು ಕುಡಿದ.

ಫೋನು ಬಂತು. ಶಫೀಗಾಳ ದನಿ, ಎಷ್ಟು ಸಣ್ಣಗಾಗಿತ್ತು!

"ಬಪ್ಪನ ಗೋರಿ ನೋಡಿದೆಯಾ?"

"ನೋಡಿದೆ. ಹುಲ್ಲು ತೆಗೆದೆ."

"ಬಾವಿ?"

"ಉಂಟು, ಹಾಗೇ ಉಂಟು."

"ನೀರು ಬಾಯಿಗೆ ಹಾಕಿ ನೋಡಿದೆಯಾ, ನಾಝಿಮ್?"

ನಾಝಿಮ್ ಬಾವಿಯ ಕಡೆ ನೋಡಿದ. ಒದ್ದೆ ಕೈ ನೋಡಿಕೊಂಡ. ಇಷ್ಟು ವರ್ಷಕ್ಕೆ ಹೇಗೋ ಅಲ್ಲಿ ಹೊಂದಿಕೊಂಡ ಮುದುಕಿ, ಮತ್ತೆ ಆಸೆ ಹುಟ್ಟಿಸುವುದೇಕೆ ಎಂದುಕೊಂಡಿರಬೇಕು. ಕೆಟ್ಟ ಮಗನಲ್ಲ ಅವನು.

"ನೋಡಿದೆ ಮಮ್ಮ" ಎಂದ. "ಉಪ್ಪೇ."

"ಹೌದಾ" ಎಂದಳು. "ಬಿಸಿಲು ಉಂಟು, ಬೇಗ ಹೊರಡು."

ಅವನು ಎದ್ದು ತೊಲೆ ಹೊತ್ತು ನಡೆದ. ಅವನು ಕಣ್ಮರೆಯಾದ ಮೇಲೂ ಆ ನೀರು ನನ್ನ ಮೈಯ ತರಿಗಳಲ್ಲಿ ನಿಂತಿತ್ತು. ನನ್ನಿಂದಾದದ್ದು ಇಷ್ಟೇ, ಆರುವವರೆಗೆ ಹಿಡಿದಿಟ್ಟುಕೊಂಡೆ.