ಕಂಬದ ಮೇಲಿನ ಲೈಮನ್

ಹಾರ್ಲೋ ಊರಿನ ನಡುಬಯಲಿನಲ್ಲಿ ಅರವತ್ತಡಿ ಎತ್ತರದ ಕಲ್ಲುಕಂಬ. ಅದರ ತುದಿಯಲ್ಲಿ ಬಂದೂಕು ಹಿಡಿದು ನಿಂತ ಕಂಚಿನ ಸಿಪಾಯಿ. ವೆರ್ಮಾಂಟಿನ ಆ ಊರಿನವರು ಅದನ್ನು ಅಮೆರಿಕದ ಉತ್ತರ ದಕ್ಷಿಣಗಳ ನಡುವಿನ ಯುದ್ಧದಲ್ಲಿ ಸತ್ತವರ ಸ್ಮಾರಕ ಎನ್ನುತ್ತಿದ್ದರು. ಕೆಜಾಯಾ ಮಾತ್ರ ಅದನ್ನು ಲೈಮನ್ ಎನ್ನುತ್ತಿದ್ದಳು. ಲೈಮನ್ ಅವಳು ಹೆತ್ತ ಮಗ. ಮೂರ್ತಿ ಮಾಡಿದವನು ಅವಳ ಗಂಡ, ಶಿಲ್ಪಿ ಆಲ್ಫಿಯಸ್ ಬರಿಜ್.

ಹತ್ತೊಂಬತ್ತು ತುಂಬುವ ಮೊದಲೇ ಲೈಮನ್ ವರ್ಜೀನಿಯಾದ ಕಾಡಿನಲ್ಲಿ ಗುಂಡು ತಿಂದು ಬಿದ್ದ. ಕಾಡಿಗೆ ಬೆಂಕಿ ಹತ್ತಿಕೊಂಡಿದ್ದರಿಂದ ಹೆಣವೂ ಸಿಗಲಿಲ್ಲ. ಹೊರಡುವ ಮುಂಚೆ ಫೋಟೋ ತೆಗೆಸಿಕೊಳ್ಳೋ ಎಂದು ತಾಯಿ ಬೇಡಿಕೊಂಡಿದ್ದಳು. "ಬಂದ್ಮೇಲೆ ತೆಗೆಸ್ಕೊಂಡ್ರಾಯ್ತಮ್ಮ, ಅಷ್ಟೊತ್ತಿಗೆ ಮೀಸೆನೂ ಬಂದಿರತ್ತೆ" ಎಂದು ನಕ್ಕು ಹೋದವನು ಅವನು.

ಆ ಮುಖವನ್ನು ಆಲ್ಫಿಯಸ್ ಒಂದು ಚಳಿಗಾಲವಿಡೀ ನೆನಪಿನಿಂದಲೇ ಜೇಡಿಮಣ್ಣಿನಲ್ಲಿ ತಿದ್ದಿದ. ಮಣ್ಣು ಒಣಗಿ ಬಿರಿಯದಂತೆ ಕೆಜಾಯಾ ದಿನವೂ ಒದ್ದೆ ಬಟ್ಟೆ ಹೊದಿಸುತ್ತಿದ್ದಳು, ಜ್ವರ ಬಂದ ಮಗುವಿನ ಹಣೆಗೆ ಹಾಕುವ ಹಾಗೆ. ಒಂದು ಸಂಜೆ ಬಾಯಿಯ ಒಂದು ಕೊನೆ ತುಸು ಮೇಲೆದ್ದಿತು. "ಸಾಕು, ಕೈ ತೆಗೀರಿ. ಬಂದ," ಎಂದಳು ಅವಳು.

ಪ್ಲಾಸ್ಟರಿನ ಅಚ್ಚು ತೆಗೆಯುವಾಗ ಮಣ್ಣಿನ ಮೂರ್ತಿ ಪುಡಿಯಾಯಿತು. ಆ ಕಸುಬಿನ ರೀತಿಯೇ ಅದು. ಉಳಿದದ್ದು ಒಂದೇ ಒಂದು ಪ್ಲಾಸ್ಟರ್ ಮೂರ್ತಿ. ಅದನ್ನು ಎರಕದ ಮನೆಯ ಯಜಮಾನ ಹ್ಯಾಸ್ಕೆಟ್ ಕೊಂಡುಕೊಂಡು, ಅದರಿಂದ ಊರೂರಿಗೂ ಕಂಚಿನ ಸಿಪಾಯಿಗಳನ್ನು ಎರೆದು ಮಾರಿದ. ಗೋರಿಯಿಲ್ಲದ ಮಗ ಎಲ್ಲೆಡೆ ನಿಲ್ಲಲಿ ಎಂದು ಆಲ್ಫಿಯಸ್ ಒಪ್ಪಿದ್ದ. ಆದರೆ ಊರುಗಳಿಗೆ ತಮ್ಮ ತಮ್ಮಲ್ಲೇ ಪೈಪೋಟಿ. ಪಕ್ಕದೂರಿನದಕ್ಕಿಂತ ತಮ್ಮ ಕಂಬ ಒಂದು ಮೊಳವಾದರೂ ಮೇಲಿರಬೇಕು! ಹೀಗಾಗಿ ಲೈಮನ್ ನಿಂತಲ್ಲೆಲ್ಲ ಮೋಡಕ್ಕೆ ಮುಖ ತೋರಿಸಿಕೊಂಡು ನಿಂತ. ಕೆಳಗಿನವರಿಗೆ ಕಾಣುತ್ತಿದ್ದದ್ದು ಬೂಟು, ಬಂದೂಕಿನ ಬುಡ, ಗದ್ದದ ಅಡಿಭಾಗ, ಅಷ್ಟೇ.

ಕೆಜಾಯಾ ಒಮ್ಮೆ ಸ್ಮಾರಕ ಸಮಿತಿಯವರ ಹತ್ತಿರ ಏಣಿ ಕೇಳಿದ್ದಳು. "ಅರವತ್ತಡಿ ಏಣಿನಾ? ಅಷ್ಟು ಹತ್ತೋದಾದ್ರೆ ಇನ್ನೊಂದು ನಾಲ್ಕು ಮೆಟ್ಲು ಹತ್ಬಿಡಿ ತಾಯಿ, ಸ್ವರ್ಗದಲ್ಲೇ ಸಿಗ್ತಾನೆ" ಎಂದು ಅಧ್ಯಕ್ಷ ನಕ್ಕಿದ್ದ. ಎರಕದ ಮನೆಗೂ ಒಮ್ಮೆ ಹೋಗಿದ್ದಳು. ಅಲ್ಲಿ ಮಸಿ ಹಿಡಿದ ಅಟ್ಟದಲ್ಲಿ, ಸೇನಾಪತಿಗಳ ತಲೆಗಳ ನಡುವೆ, ಪ್ಲಾಸ್ಟರ್ ಮೂರ್ತಿಯಿಂದ ಬಿಡಿಸಿಟ್ಟ ಮಗನ ತಲೆಗೆ ಕೆಲಸದವನೊಬ್ಬ ತನ್ನ ಟೋಪಿ ನೇತುಹಾಕಿದ್ದ. ಮತ್ತೆ ಆ ಹೊಸ್ತಿಲು ತುಳಿಯಲಿಲ್ಲ.

ಹೀಗೆ ವರ್ಷಗಳು ಕಳೆದ ಮೇಲೆ ಒಂದು ವಸಂತದಲ್ಲಿ ಹ್ಯಾಸ್ಕೆಟ್ ಮನೆಗೆ ಬಂದ. ಹುರುಳಿಕಾಯಿ ಬೀಜದ ಸಾರು, ಕಂದು ರೊಟ್ಟಿ ಬಡಿಸಿದರು. ತಿನ್ನುತ್ತಲೇ ಹೇಳಿದ: "ಜಾರ್ಜಿಯಾದಿಂದ ಒಂದು ಆರ್ಡರ್ ಬಂದಿದೆ, ಬರಿಜ್. ನಿನ್ನ ಸಿಪಾಯೀನೇ ಬೇಕಂತೆ."

ಆಲ್ಫಿಯಸ್ ಚಮಚ ಕೆಳಗಿಟ್ಟ. "ಜಾರ್ಜಿಯಾ? ದಕ್ಷಿಣದ ಆ ದಂಗೆಕೋರರಾ?"

"ಅವ್ರ ಕಡೆನೂ ಸತ್ತೋರಿದಾರಲ್ಲಯ್ಯ. ಟೋಪಿ ಬದಲಾಯಿಸ್ತೀನಿ, ಬೆಲ್ಟಿನ ಬಿಲ್ಲೆ ಬದಲಾಯಿಸ್ತೀನಿ, ಮುಗೀತು. ಬಡವ್ರು ಪಾಪ, ಹೆಂಗಸ್ರು ಮೊಟ್ಟೆ ಮಾರಿ ಕೂಡಿಸಿದ್ದಾರೆ. ಕಂಬಕ್ಕೂ ಗತಿಯಿಲ್ಲ, ಮೊಣಕಾಲೆತ್ತರದ ಕಲ್ಲಿನ್ ಮೇಲೆ ನಿಲ್ಲಿಸ್ಕೋತಾರಂತೆ."

ಒಲೆಯ ಬಳಿ ಕೆಜಾಯಾಳ ಕೈ ನಿಂತಿತು. ಆಲ್ಫಿಯಸ್ ಅದನ್ನು ನೋಡಲಿಲ್ಲ. ಟೋಪಿ ಎಂಬ ಮಾತಿನಿಂದ ಮುಂದೆ ಅವನ ಕಿವಿಗೆ ಏನೂ ಬಿದ್ದಿರಲಿಲ್ಲ.

"ನನ್ ಮಗನ್ನ ಕೊಂದೋರ ಟೋಪೀನ ನನ್ ಮಗನ ತಲೆಗೇ ಇಡ್ತೀಯೇನೋ?"

"ನಿನ್ ಮಗ ಅಲ್ಲ, ನನ್ ಮೂರ್ತಿ. ಮಾರಿದ್ದೀಯ, ನೆನಪಿರ್ಲಿ. ಅಷ್ಟು ಉರಿಯೋದಾದ್ರೆ ನೀನೇ ಬಂದು ಮುಖ ಬದಲಾಯ್ಸು. ನಂಗೆ ಕಣ್ಣು ಮೂಗು ಬಾಯಿ ಇದ್ರೆ ಸಾಕು."

ಅವನು ಹೋದ ಮೇಲೆ ಕೆಜಾಯಾ ಮೆಲ್ಲಗೆ ಬಾಯಿ ತೆರೆದಳು. "ಏನ್ರೀ, ಒಂದ್ ಮಾತು..."

"ಇದರ ಸುದ್ದಿ ಎತ್ಬೇಡ!" ಎಂದು ಗುಡುಗಿದ. ಸಿಟ್ಟು ಇಳಿಯಲಿ, ನಾಳೆ ಹೇಳಿದರಾಯಿತು ಎಂದು ಅವಳು ಸುಮ್ಮನಾದಳು. ಮದುವೆಯಾದಂದಿನಿಂದ ಹಾಗೆಯೇ ಮಾಡಿಕೊಂಡು ಬಂದವಳು.

ಬೆಳಿಗ್ಗೆ ಅವಳು ಹಾಲು ಕರೆಯುತ್ತಿದ್ದಾಗ ಆಲ್ಫಿಯಸ್ ಉಳಿ, ಅರ ಚೀಲಕ್ಕೆ ಹಾಕಿಕೊಂಡು ರೈಲು ಹತ್ತಿದ. ಎರಕದ ಮನೆಯ ಅಟ್ಟದಿಂದ ಮಗನ ತಲೆ ಇಳಿಸಿ, ಮಸಿಯನ್ನು ತನ್ನ ತೋಳಿನಿಂದಲೇ ಒರೆಸಿದ. ಉಳಿ ಕೈಗೆತ್ತಿಕೊಂಡು ಮತ್ತೆ ಕೆಳಗಿಟ್ಟ. ಆಮೇಲೆ ದಕ್ಷಿಣದವರ ಆ ಬೂದುಬಣ್ಣದ ಟೋಪಿ ಕಣ್ಣಿಗೆ ಕಟ್ಟಿತು. ಸಿಟ್ಟಿನಲ್ಲಿ ಕೊಯ್ದ ಮೂಗು ಶಾಂತವಾದ ಮೇಲೆ ಬಂದೀತೇ ಎನ್ನುತ್ತಾರಲ್ಲ, ಅಲ್ಲಿ ನಡೆದದ್ದು ಅಕ್ಷರಶಃ ಅದೇ. ಮೊದಲು ಮೂಗು ಹೋಯಿತು. ಬಾಯಿಯ ಆ ಕೊನೆ ಸಮವಾಯಿತು. ಹಸಿ ಪ್ಲಾಸ್ಟರಿನ ಗಡ್ಡ ಬಂತು. ಕೆಲಸ ಮುಗಿದಾಗ ಯಾರ ಮಗನೂ ಅಲ್ಲದ ಒಬ್ಬ ಗಂಡಸು ಎದುರಿಗಿದ್ದ. ಮಗನನ್ನು ಶತ್ರುಗಳ ಕೈಯಿಂದ ಬಿಡಿಸಿಕೊಂಡು ಬಂದೆ ಎಂಬ ಹೆಮ್ಮೆ ರೈಲಿನುದ್ದಕ್ಕೂ ಅವನ ಎದೆಯಲ್ಲಿತ್ತು.

ಮನೆಯ ಬಾಗಿಲಲ್ಲೇ ಪೆಟ್ಟಿಗೆ ಕಟ್ಟಿಟ್ಟಿತ್ತು. ಕೆಜಾಯಾ ಚರ್ಚಿಗೆ ಉಡುವ ಕಪ್ಪು ಉಡುಪನ್ನು ಮಡಿಸುತ್ತಿದ್ದಳು. ಎಷ್ಟೋ ವರ್ಷಗಳ ಮೇಲೆ ಅವಳ ಮುಖದಲ್ಲಿ ಕಳೆಯಿತ್ತು.

"ಬಂದ್ರಾ? ಬೈಬೇಡಿ, ಮೊದ್ಲು ಕೇಳಿ. ಜಾರ್ಜಿಯಾದಲ್ಲಿ ಅವನ್ನ ನಿಲ್ಸೋ ದಿನ ನಾವೂ ಹೋಗೋಣ. ಟೋಪಿ ಯಾವ್ದಾದ್ರೇನ್ರೀ? ಮೊಣಕಾಲೆತ್ತರದ ಕಲ್ಲಂತೆ! ಕೈ ಚಾಚಿದ್ರೆ ಕೆನ್ನೆ ಸಿಗತ್ತೆ. ಆ ಹೆಂಗಸ್ರೂ ಮಕ್ಳನ್ನ ಕಳ್ಕೊಂಡೋರೇ, ಮುಟ್ಬೇಡ ಅನ್ನಲ್ಲ."

ಆಲ್ಫಿಯಸ್ ಚೀಲ ನೆಲಕ್ಕಿಟ್ಟ. ಅವಳ ಕಣ್ಣು ಅವನ ತೋಳಿನ ಬಿಳಿ ಪುಡಿಯ ಮೇಲೆ ಬಿತ್ತು. ಶಿಲ್ಪಿಯ ಹೆಂಡತಿಗೆ ಅದೇನೆಂದು ಯಾರೂ ಹೇಳಬೇಕಾಗಿರಲಿಲ್ಲ.

"ಏನೂ ಉಳಿಸ್ಲಿಲ್ವಾ?" ಎಂದಳು.

ಅವನು ಇಲ್ಲವೆಂದು ತಲೆಯಾಡಿಸಿದ.

ಅವಳು ಕೊಟ್ಟಿಗೆಗೆ ಹೋಗಿ ಜೇಡಿಮಣ್ಣು ಕಲಸಿ ತಂದು ಗಂಡನ ಮುಂದಿಟ್ಟಳು. "ಮಾಡಿ. ಇನ್ನೊಂದ್ಸಲ ಮಾಡಿ."

ಆಲ್ಫಿಯಸ್ ಮಣ್ಣಿಗೆ ಹೆಬ್ಬೆರಳಿಟ್ಟ. ಗದ್ದ ಥಟ್ಟನೆ ಬಂತು. ಇಷ್ಟು ವರ್ಷ ಕಂಬದ ಬುಡದಿಂದ ಕತ್ತೆತ್ತಿ ನೋಡಿದ್ದ ಗದ್ದ. ಅದರ ಮೇಲೇನಿತ್ತು? ಕಣ್ಣು ಮುಚ್ಚಿದ, ಆ ಗಡ್ಡದವನು ಬಂದ. ಮತ್ತೆ ಮುಚ್ಚಿದ, ಬರೀ ಮೋಡ. ಮಗನ ಮುಖ ಮಾತ್ರ ಬರಲಿಲ್ಲ.

"ಬಾಯಿ... ಯಾವ ಕಡೆ ಮೇಲೇಳ್ತಿತ್ತು, ಕೆಜಾಯಾ?"

ಅವಳು ಬೆರಳನ್ನು ತನ್ನ ತುಟಿಯ ಬಲಗೊನೆಗೆ ತಂದಳು. ಅಲ್ಲಿಂದ ಎಡಕ್ಕೆ ಒಯ್ದಳು. ಮತ್ತೆ ಬಲಕ್ಕೆ ತಂದಳು. ಆಮೇಲೆ ಕೈ ತಾನಾಗಿ ಮಡಿಲಿಗೆ ಬಿತ್ತು.

ಆ ಸಂಜೆ ಮಣ್ಣಿನ ಮೇಲೆ ಯಾರೂ ಒದ್ದೆ ಬಟ್ಟೆ ಹೊದಿಸಲಿಲ್ಲ.