ನೀಲಿ ಅಂಚಿನ ಬಟ್ಟಲು

ಆಲ್ಥಿಯಾ ಕಾರಿನಿಂದಿಳಿದು ನೋಡಿದರೆ ಸ್ಮಶಾನ ಗುಡಿಸಿಟ್ಟ ಅಂಗಳದ ಹಾಗಿತ್ತು. ಓಕ್ ಮರಗಳ ಕೆಳಗೆ ಒಂದು ಎಲೆಯಿಲ್ಲ, ಒಂದು ಚೂರು ಪಿಂಗಾಣಿಯಿಲ್ಲ.

ಅಮೆರಿಕದ ಕ್ಯಾರೊಲಿನಾದ ಈ ದ್ವೀಪದ ಕಪ್ಪು ಜನರಲ್ಲಿ ಗೋರಿಗೆ ಕಲ್ಲು ನಿಲ್ಲಿಸುವಷ್ಟು ಅನುಕೂಲ ಯಾರಿಗಿತ್ತು? ಸತ್ತವರು ಕೊನೆಯದಾಗಿ ಕುಡಿದ ಬಟ್ಟಲಿನ ತಳ ಒಡೆದು, ಕೆಲವರು ಅವರ ನಿಂತ ಗಡಿಯಾರವನ್ನೂ ಸೇರಿಸಿ, ಗೋರಿಯ ಮೇಲಿಡುತ್ತಾರೆ. ಗುರುತು ಅಂತ ಇದ್ದರೆ ಅಷ್ಟೇ. ಇಂಥ ಮರೆತ ಸ್ಮಶಾನಗಳ ಬಗ್ಗೆ ಇಷ್ಟು ದಪ್ಪದ ಪುಸ್ತಕ ಬರೆದವಳು ಆಲ್ಥಿಯಾ. ನಾಲ್ಕು ಸಿನಿಮಾ ಬೇರೆ ತೆಗೆದಿದ್ದಳು. ಮೂರು ವರ್ಷದ ಹಿಂದೆ ಅಮ್ಮ ಲವೀನಿಯಾ ತೀರಿಕೊಂಡಾಗ ಈ ಮಹಾರಾಯ್ತಿ ಟೆಕ್ಸಾಸಿನಲ್ಲಿ ಬೇರೆ ಯಾರದೋ ಗೋರಿಗಳ ಚಿತ್ರ ತೆಗೆಯುತ್ತಿದ್ದಳು, ಮಣ್ಣಿಗೆ ಬರಲಿಲ್ಲ. ಈಗ ಐದನೆಯ ಸಿನಿಮಾದ ನೆಪದಲ್ಲಿ ಬಂದಿದ್ದಳು. ಅಮ್ಮನ ಪಕ್ಕ ಒಂದು ಗಳಿಗೆ ಕೂರಬೇಕು, ಅವಳಿಗೆ ಬೇಕಾದದ್ದು ಅಷ್ಟೇ. ಅಮ್ಮನ ಗುರುತಿಗೆ ನೀಲಿ ಅಂಚಿನ ಬಟ್ಟಲು ನೋಡಿಕೋ ಎಂದು ಹೆಟ್ಟಿ ಚಿಕ್ಕಮ್ಮ ಹೇಳಿದ್ದಳು.

ಅಟ್ಲಾಂಟಾದಿಂದ ಹೊಸದಾಗಿ ಬಂದ ಪಾದ್ರಿಯ ಹೆಂಡತಿ ಜಾನೆಲ್ ಓಡೋಡಿ ಬಂದಳು.

"ಹೇಗಿದೆ ಅಕ್ಕಾ? ಎರಡು ದಿನ ಸೊಂಟ ಮುರ್ಕೊಂಡ್ವಿ! ಒಡಕು ಬಟ್ಟಲು, ಕೆಟ್ಟ ಗಡಿಯಾರ, ಅಬ್ಬಬ್ಬಾ! ಕ್ಯಾಮೆರಾ ಮುಂದೆ ಊರಿನ ಮಾನ ಹೋಗ್ಬಾರ್ದು ನೋಡಿ."

"ಅವೆಲ್ಲ ಎಲ್ಲಿ?"

"ಕಸದ ಲಾರಿ ನಿನ್ನೇನೇ ಹೊತ್ಕೊಂಡು ಹೋಯ್ತಲ್ಲ. ನೀವೇ ಫೋನಲ್ಲಿ ಹೇಳಿದ್ರಿ, ಸ್ವಲ್ಪ ಚೊಕ್ಕ ಮಾಡಿಡಿ ಅಂತ."

ಹೌದು, ಹೇಳಿದ್ದಳು. ಮುಳ್ಳುಬಳ್ಳಿ ಕಡಿಯಲಿ ಎಂದುಕೊಂಡು ಹೇಳಿದ್ದಳು. ಪುಸ್ತಕದಲ್ಲಿ ಈ ಬಟ್ಟಲುಗಳ ಬಗ್ಗೆಯೇ ಒಂದಿಡೀ ಅಧ್ಯಾಯ ಬರೆದವಳಿಗೆ, ಅವನ್ನು ಮುಟ್ಟಬೇಡಿ ಎಂದು ಫೋನಿನಲ್ಲಿ ಇನ್ನೊಂದು ಮಾತು ಸೇರಿಸಲು ಏನಾಗಿತ್ತು ರೋಗ?

"ಚೆನ್ನಾಗಿದೆ," ಎಂದಳು ಆಲ್ಥಿಯಾ. ಅಳು ಬರಬಹುದೆಂದು ಕಾದಳು, ಬರಲಿಲ್ಲ. ಒಳಗೆ ಏನೂ ಅಲುಗಲಿಲ್ಲ.

ಕಣ್ಣು ಮಂಜಾದ ಹೆಟ್ಟಿ ಚಿಕ್ಕಮ್ಮ ಕೋಲೂರಿಕೊಂಡು ಬಂದು ಮರಳನ್ನು ಕಾಲಿನಿಂದ ತಡಕಾಡಿದಳು.

"ಇಲ್ಲೇ ಇರ್ಬೇಕು ಕಣೇ. ಅಲ್ಲ, ಇದು ಐಸಾಕ್ ಮಾವಂದು. ನಿಮ್ಮಮ್ಮ ಆದ್ಮೇಲೆ ಈ ಸಾಲಲ್ಲಿ ಇನ್ನೂ ಆರು ಜನ ಮಲಗಿದ್ರಲ್ಲ. ಬಟ್ಟಲು ಕೈಗೆ ಸಿಕ್ಕಿದ್ರೆ ಹೇಳ್ತಿದ್ದೆ." ಮುದುಕಿ ಸುಸ್ತಾಗಿ ನಿಂತಳು. "ಅವತ್ತು ನೀನೂ ಬಂದಿದ್ರೆ ಜಾಗ ನಿಂಗೇ ಗೊತ್ತಿರ್ತಿತ್ತು."

ಆಲ್ಥಿಯಾ ನಾಲ್ಕು ಹೆಜ್ಜೆ ನಡೆದು, ಮರಳು ಕೊಂಚ ಕುಸಿದಿದ್ದ ಒಂದು ಕಡೆ ಕುಳಿತುಕೊಂಡಳು.

"ಅಲ್ಲಿ ನಿಮ್ಮಮ್ಮ ಇಲ್ಲ ಕಣೇ ಮಗಾ. ಅದು ಹಳೇ ಸಾಲು, ಬೇರೆ ಯಾರೋ."

"ಗೊತ್ತು ಚಿಕ್ಕಮ್ಮ," ಎಂದಳು. ಏಳಲಿಲ್ಲ.